ಕಾಗದದಲ್ಲಿ ಇಲ್ಲದ ಮಗಳು

ಹೊಲ ಅಳೆಯುವವರು ಊರಿಗೆ ಬಂದ ದಿನ ಚೈಫೆಂಗ್ ತವರಿನ ಅಂಗಳದಲ್ಲಿ ಗೆಣಸು ಹೆಚ್ಚುತ್ತಿದ್ದಳು. ಗಂಡ ಅವಳನ್ನು ಬಿಟ್ಟು ಎರಡು ತಿಂಗಳಾಗಿತ್ತು. ಅವನ ಊರಿನಲ್ಲಿ ಅವಳ ಹೆಸರಿಗೆ ಅಂಗೈಯಗಲ ನೆಲವಿರಲಿಲ್ಲ. ತವರಿನಲ್ಲಿ ಅವಳ ಪಾಲಿಗಿದ್ದ ಗುಡ್ಡದ ಹೊಲವನ್ನು ಮದುವೆಯ ವಾರದಲ್ಲೇ ಅಪ್ಪ ಲುವೊ ತನ್ನ ಅಣ್ಣನ ಮಗನಿಗೆ ಬರೆದುಕೊಟ್ಟಿದ್ದ. ಅವಳು ಅಲ್ಲೂ ಸಲ್ಲಲಿಲ್ಲ, ಇಲ್ಲೂ ಸಲ್ಲಲಿಲ್ಲ.

ಆ ಹೊಲಕ್ಕೆ ವರ್ಷವರ್ಷವೂ ಗೊಬ್ಬರ ಹೊತ್ತವರು ಅಕ್ಕತಂಗಿಯರೇ. ಒಂದೇ ಬಿದಿರ ಬೊಂಬು, ನಡುವೆ ಬುಟ್ಟಿ, ಮುಂದೆ ತಂಗಿ ಲೀಹ್ವಾ, ಹಿಂದೆ ಅಕ್ಕ. ತಂಗಿಗೆ ಗೊತ್ತಾಗದಂತೆ ಚೈಫೆಂಗ್ ಬುಟ್ಟಿಯನ್ನು ತನ್ನ ಕಡೆಗೆ ಎಳೆದುಕೊಳ್ಳುತ್ತಿದ್ದಳು. ದುಡಿಯುವುದಕ್ಕೆ ಹೆಣ್ಣುಮಕ್ಕಳು, ಪಾಲಿಗೆ ಗಂಡುಮಕ್ಕಳು. ಇದು ಯಾವ ಸೀಮೆಯ ನ್ಯಾಯವೋ!

ಅಳತೆಯಾದ ಮೇಲೆ ಕೊಡುವ ಹೊಲದ ಹೊಸ ಪತ್ರದಲ್ಲಿ ಯಾರ ಯಾರ ಹೆಸರು ಬರೆಯಬೇಕೆಂದು ಅಳೆಯುವವರ ಜೊತೆ ಬಂದಿದ್ದ ಮಹಿಳಾ ಸಂಘದ ಪೆಂಗ್ ಕೇಳಿದಳು. ಮುದುಕ ಲುವೊ ತನ್ನದೂ ಹೆಂಡತಿಯದೂ ಅಷ್ಟೇ ಹೇಳಿದ. ಬರುವ ಚಳಿಗಾಲಕ್ಕೆ ಲೀಹ್ವಾಳ ಮದುವೆ, ಅವಳ ಹೆಸರು ಬರೆದರೆ ಶಾಯಿ ದಂಡ ಎಂದು ನಕ್ಕ.

"ಮದ್ವೆ ಆದ್ರೂ ಅವ್ಳ ಪಾಲು ಅವ್ಳದೇ, ಲುವೊ ಅಣ್ಣ. ಗಂಡನ ಊರಲ್ಲಿ ನೆಲ ಸಿಗೋವರೆಗೂ ಇಲ್ಲಿಂದು ಕಿತ್ಕೊಳ್ಳೋ ಹಾಗಿಲ್ಲ, ಕಾನೂನೇ ಇದೆ. ಹೆಸ್ರು ಕಾಗದದಲ್ಲಿರ್ಬೇಕು ನೋಡು."

"ಕೊಟ್ಟ ಹೆಣ್ಣು ಚೆಲ್ಲಿದ ನೀರು ಕಣಮ್ಮ. ಚೆಲ್ಲಿದ ನೀರಿಗೆ ಹೊಲ ಯಾಕೆ?"

ಚೈಫೆಂಗ್‌ಳನ್ನು ಗಂಡನ ಮನೆಗೆ ಕಳಿಸಿದ ದಿನ ಹೊಸ್ತಿಲಾಚೆ ಒಂದು ಬೋಗುಣಿ ನೀರು ಚೆಲ್ಲಿ ಬಾಗಿಲು ಹಾಕಿಕೊಂಡವನು ಅವನೇ. ಅವಳು ಚಾಕು ಕೆಳಗಿಟ್ಟಳು.

"ಆ ನೀರನ್ನ ಹೊಳೆಯಿಂದ ಹೊತ್ತು ತಂದವ್ಳೂ ನಾನೇ, ಅಪ್ಪ. ಈ ಗೆಣಸು ಎಲ್ಲಿಂದು ಗೊತ್ತಾ? ನನ್ನ ಹೊಲದ್ದು. ಪಾಪ ಅಂತ ದೊಡ್ಡಪ್ಪನ ಮಗ ಒಂದು ಬುಟ್ಟಿ ಕೊಟ್ಟು ಹೋದ."

ಮುದುಕ ಒಂದು ಗೆಣಸು ಎತ್ತಿಕೊಂಡು ಅದರ ಮಣ್ಣು ಒರೆಸಿದ. ಆಮೇಲೆ ಲೀಹ್ವಾಳ ಹೆಸರು ಬರೆಸಿ ಹೆಬ್ಬೆಟ್ಟು ಒತ್ತಿದ. ದೊಡ್ಡವಳದೂ ಬರೆಯಲಾಗುತ್ತದೆಯೇ ಎಂದು ತಗ್ಗಿದ ದನಿಯಲ್ಲಿ ಕೇಳಿದ. ಅರ್ಜಿ ಹಾಕೋಣ, ಆದರೆ ಕೈಬಿಟ್ಟದ್ದು ಮರಳಿ ಸಿಗುತ್ತದೆಂದು ಮಾತು ಕೊಡಲಾರೆ ಎಂದಳು ಪೆಂಗ್.

ತಂಗಿಯ ಹೆಸರು ಕಂಡು ಚೈಫೆಂಗ್‌ಗೆ ಸಂತೋಷವಾಯಿತು. ಹೊಟ್ಟೆಯೂ ಉರಿಯಿತು. ಅವಳು ಮತ್ತೆ ಚಾಕು ತೆಗೆದುಕೊಂಡಳು.

ಅಪ್ಪಂದಿರೇ, ಅಮ್ಮಂದಿರೇ, ಇವತ್ತೇ ನಿಮ್ಮ ಹೊಲದ ಪತ್ರ ತೆಗೆದು ನೋಡಿ. ಗೊಬ್ಬರ ಹೊತ್ತ ಮಗಳ ಹೆಸರು ಅದರಲ್ಲಿದೆಯೇ? ಇಲ್ಲದಿದ್ದರೆ ಮದುವೆಗೆ ಮುಂಚೆಯೇ ಬರೆಸಿ. ಅವಳು ಮರಳಿ ಬಂದು ಹೊಸ್ತಿಲಲ್ಲಿ ನಿಂತ ಮೇಲೆ ಶಾಯಿ ಹುಡುಕಬೇಡಿ.