ಅರವತ್ತು ಪದಗಳ ಒಳಗೆ

ಓದುಗರ ಪತ್ರ ಅರವತ್ತು ಪದ ದಾಟಬಾರದು ಎಂಬ ನಿಯಮವನ್ನು ಆ ಪತ್ರಿಕೆಯಲ್ಲಿ ಯಾರು ಮಾಡಿದರೋ ಯಾರಿಗೂ ನೆನಪಿರಲಿಲ್ಲ. ಹತ್ತೊಂಬತ್ತು ವರ್ಷದಿಂದ ಅದನ್ನು ಕಾಪಾಡಿಕೊಂಡು ಬಂದವಳನ್ನು ಮಾತ್ರ ಕಚೇರಿಯಲ್ಲಿ ಎಲ್ಲರೂ ಕತ್ತರಿ ಎಂದೇ ಕರೆಯುತ್ತಿದ್ದರು. ಯಾರೋ ಸಿಟ್ಟಿನಲ್ಲಿ ಮೊಬೈಲಿನಿಂದ ಕಳಿಸಿದ ಮುನ್ನೂರು ಪದಗಳ ಬೈಗುಳ ಅವಳ ಮೇಜಿಗೆ ಬಂದರೆ ಐದು ನಿಮಿಷದಲ್ಲಿ ಬೀದಿದೀಪದ ಬಗೆಗಿನ ಒಂದು ಸಭ್ಯ ಮನವಿಯಾಗಿ ಹೊರಗೆ ಹೋಗುತ್ತಿತ್ತು. ಬೈಗುಳ ಹೋಗಬೇಕು, ಹಳೇ ಪುರಾಣ ಹೋಗಬೇಕು, ವಿಷಯಕ್ಕೆ ಸಂಬಂಧವಿಲ್ಲದ ವಿವರ ಹೋಗಬೇಕು, ಉಳಿದದ್ದೇ ಪತ್ರ. ಬರೆದವರು ಮರುದಿನ ಅಚ್ಚಾದದ್ದನ್ನು ನೋಡಿ ತಾವು ಇಷ್ಟು ಒಳ್ಳೆಯವರೇ ಎಂದು ಬೆರಗಾಗುತ್ತಿದ್ದರು. ಹೀಗೆಂದು ತಮಾಷೆ ಮಾಡುತ್ತಿದ್ದವನು ಪುಟ ಕಟ್ಟುವ ಸಹೋದ್ಯೋಗಿ. ಅದರಲ್ಲಿ ಸುಳ್ಳೇನೂ ಇರಲಿಲ್ಲ.

ಅದೇ ಕೆಲಸವನ್ನು ಅವಳು ಮನೆಯವರಿಗೂ ಮಾಡುತ್ತಿದ್ದಾಳೆಂಬುದು ಅವಳೊಬ್ಬಳಿಗೇ ಗೊತ್ತಿತ್ತು.

ಅವಳಿಗೆ ಒಬ್ಬಳು ಅಕ್ಕ, ನಡುವೆ ಒಬ್ಬ ಅಣ್ಣ. ಅಕ್ಕನದು ಕನ್ನಡಕದ ಅಂಗಡಿ. ಗಾಜು ಉಜ್ಜಿ ಫ್ರೇಮಿಗೆ ಕೂರಿಸುವವರೆಗೆ ಎಲ್ಲವೂ ಅವಳ ಕೈಯಲ್ಲೇ ಆಗಬೇಕು. ಅಣ್ಣ ಲಿಫ್ಟ್ ರಿಪೇರಿಯವನು. ನಾಲ್ಕು ವರ್ಷದ ಹಿಂದೆ, ಅಣ್ಣನ ಮನೆಯಲ್ಲಿದ್ದ ಅಪ್ಪ ಮೆಟ್ಟಿಲಿನ ಮೇಲಿಂದ ಬಿದ್ದು ತಲೆಗೆ ಪೆಟ್ಟು ಮಾಡಿಕೊಂಡರು. ಪ್ರಜ್ಞೆ ಬರಲೇ ಇಲ್ಲ. ಹನ್ನೊಂದನೇ ದಿನ ತೀರಿಕೊಂಡರು. ಆ ಹನ್ನೊಂದು ದಿನಗಳಲ್ಲಿ ಯಾವತ್ತೋ, ಆಸ್ಪತ್ರೆಯ ಪಡಸಾಲೆಯಲ್ಲಿ ಇಬ್ಬರೇ ಇದ್ದಾಗ, ಅಕ್ಕನಿಗೂ ಅಣ್ಣನಿಗೂ ಮಾತಿಗೆ ಮಾತು ಬೆಳೆದಿತ್ತು. ಏನೆಂದು ಕೇಳಿದರೆ ಅಕ್ಕ “ಅವನಿಗೆ ಗೊತ್ತು” ಎನ್ನುತ್ತಿದ್ದಳು. ಅಣ್ಣ “ಅವಳಿಗೆ ಗೊತ್ತು” ಎನ್ನುತ್ತಿದ್ದ. ಅಪ್ಪನನ್ನು ಯಾರು ಸರಿಯಾಗಿ ನೋಡಿಕೊಂಡರು, ಯಾರು ನೋಡಿಕೊಳ್ಳಲಿಲ್ಲ ಎಂಬ ಜಗಳವಿರಬೇಕೆಂದು ಕತ್ತರಿ ತಾನೇ ತೀರ್ಮಾನಿಸಿದಳು. ಖಚಿತ ಮಾಡಿಕೊಳ್ಳದೆ ಅವಳು ನಂಬಿದ ಸುದ್ದಿ ಬಹುಶಃ ಇದೊಂದೇ.

ಆಮೇಲೆ ಅವರಿಬ್ಬರ ನಡುವಿನ ಮಾತೆಲ್ಲ ಅವಳ ಫೋನಿನ ಮೂಲಕ ಹೋಗತೊಡಗಿತು. ಇಬ್ಬರೂ ಅವಳಿಗೆ ಮೆಸೇಜ್ ಕಳಿಸುತ್ತಿದ್ದರು. ಅವಳು ಫಾರ್ವರ್ಡ್ ಮಾಡುತ್ತಿದ್ದಳು. ಎಸ್ಸೆಮ್ಮೆಸ್ಸಿನಲ್ಲಿ ಫಾರ್ವರ್ಡ್ ಒತ್ತಿದರೆ ಬಂದ ಮೆಸೇಜ್ ಹೊಸದಾಗಿ ಬರೆಯುವ ಜಾಗಕ್ಕೆ ಬಂದು ಕೂರುತ್ತದೆ. ಕಳಿಸುವ ಮೊದಲು ಅದನ್ನು ತಿದ್ದಬಹುದು. ತಿದ್ದಬಹುದಾದದ್ದನ್ನು ತಿದ್ದದೆ ಬಿಡುವ ಅಭ್ಯಾಸ ಅವಳಿಗಿರಲಿಲ್ಲ. ಮೊದಲ ಸಲ ತೆಗೆದದ್ದು “ಹಟಮಾರಿ” ಎಂಬ ಒಂದೇ ಪದ. ಏನೂ ಅನಾಹುತವಾಗಲಿಲ್ಲ. ನಾಲ್ಕು ವರ್ಷದಲ್ಲಿ ಹೀಗೆ ಹೋಗಿ ಬಂದದ್ದು ಅರವತ್ತಾರು ಮೆಸೇಜು.

ಬುಧವಾರ ಮಧ್ಯಾಹ್ನ ಅಣ್ಣನಿಂದ ಬಂದದ್ದು ಎಂದಿಗಿಂತ ಉದ್ದವಾಗಿತ್ತು.

“ಅಕ್ಕಂಗೆ ಹೇಳು. ಭಾನುವಾರ ಹತ್ತೂವರೆಗೆ ಮಗಳ ಮದುವೆ. ಕಾರ್ಡು ಕಳಿಸಿದೀನಿ, ತಲುಪಿದೆ ಅಂತ ಅಂಚೆಯವನು ಹೇಳಿದ, ಅವಳು ಹೇಳಲಿಲ್ಲ. ಹಟದಲ್ಲಿ ಅವಳನ್ನ ಮೀರಿಸೋರು ಇನ್ನೂ ಹುಟ್ಟಿಲ್ಲ. ಕರೆಂಟ್ ಹೋದ ಲಿಫ್ಟಿನ ಥರ ಎರಡು ಮಹಡಿ ಮಧ್ಯೆ ನಿಂತಿದೀವಿ. ಅಪ್ಪ ಬಿದ್ದ ದಿನ ಕನ್ನಡಕ ನನ್ನ ಚೀಲದಲ್ಲಿತ್ತು, ಬಲಗಡೆ ಕಡ್ಡಿ ಸ್ಕ್ರೂ ಬಿಗಿ ಮಾಡೋಕೆ ಅಂತ ಬೆಳಿಗ್ಗೆ ತಗೊಂಡಿದ್ದೆ. ಮಗಳು ದೊಡ್ಡತ್ತೆ ಬರ್ತಾರಾ ಅಂತ ದಿನಾ ತಲೆ ತಿಂತಾಳೆ. ಊಟಕ್ಕೆ ನಿಲ್ಲದಿದ್ರೂ ಸರಿ, ಬಂದು ಮುಖ ತೋರಿಸಿ ಹೋಗಲಿ.”

ಆ ಮದುವೆಗೆ ಅಕ್ಕ ಬರಬೇಕೆಂಬುದು ಎಲ್ಲರಿಗಿಂತ ಹೆಚ್ಚಾಗಿ ಕತ್ತರಿಯ ಆಸೆಯಾಗಿತ್ತು. ಅಮ್ಮ ಹೋದ ಮೇಲೆ ಅವಳಿಗೂ ಅಣ್ಣನಿಗೂ ತಲೆ ಬಾಚಿ ಶಾಲೆಗೆ ಕಳಿಸಿದವಳು ಅಕ್ಕ. ಈಗ ಬರದಿದ್ದರೆ ಇನ್ನು ಯಾವತ್ತಿಗೂ ಇಲ್ಲ ಎಂದು ಅವಳಿಗೆ ಅನ್ನಿಸಿಬಿಟ್ಟಿತ್ತು. ಹಾಗಾಗಿ ಮೈಯೆಲ್ಲ ಎಚ್ಚರವಾಗಿ ತಿದ್ದಿದಳು. ಅಂಚೆಯವನು ಹೋದ. ಹಟ ಹೋಯಿತು. ಲಿಫ್ಟಿನ ಉಪಮೆ ಚೆನ್ನಾಗಿತ್ತು, ಆದರೂ ಹೋಯಿತು. ಕನ್ನಡಕ, ಚೀಲ, ಸ್ಕ್ರೂ ಎಲ್ಲ ಓದಿ ನಕ್ಕಳು; ಮದುವೆಗೆ ಕರೆಯುವಾಗಲೂ ಇವನಿಗೆ ಸ್ಕ್ರೂ ಡ್ರೈವರಿನದೇ ಧ್ಯಾನ ಎಂದುಕೊಂಡು ಆ ವಾಕ್ಯವನ್ನೂ ತೆಗೆದಳು. ಕೊನೆಗೆ ಹೋದದ್ದು ಇಷ್ಟು:

“ಭಾನುವಾರ ಬೆಳಿಗ್ಗೆ ಹತ್ತೂವರೆಗೆ ಮಗಳ ಮದುವೆ. ಅವಳು ದೊಡ್ಡತ್ತೆಯನ್ನು ದಿನವೂ ನೆನೆಯುತ್ತಾಳೆ. ಹಳೆಯದನ್ನೆಲ್ಲ ಮರೆತು ದಯವಿಟ್ಟು ಬರಬೇಕು.”

ಮರೆಯುವ ಮಾತು ಅವಳದೇ ಸೇರ್ಪಡೆ. ಪತ್ರಕ್ಕೆ ಒಂದು ಮುಕ್ತಾಯ ಬೇಕಲ್ಲ.

ಗುರುವಾರ ಅಕ್ಕನ ಉತ್ತರ ಬಂತು. “ಮರೀಬೇಕಂತಾ? ಅವನು ಬಾಯಿಗೆ ಬಂದಂಗೆ ಅಂದುಬಿಟ್ಟು ಮರ್ತ. ನಾನು ಮರೆಯಲ್ಲ. ಬರಲ್ಲ.”

ಕತ್ತರಿ ಅದನ್ನು ಮೂರು ಸಲ ಓದಿದಳು. ಹೀಗೇ ಕಳಿಸಿದರೆ ಇದ್ದ ಎಳೆಯೂ ಕಡಿದುಹೋಗುತ್ತದೆ. ಫಾರ್ವರ್ಡ್ ಒತ್ತಿ, ಎಲ್ಲವನ್ನೂ ಅಳಿಸಿ ಬರೆದಳು: “ಅಂಗಡಿ ಬಿಟ್ಟು ಬರಲು ಆಗುವುದಿಲ್ಲವಂತೆ. ಮಗಳಿಗೆ ಆಶೀರ್ವಾದ ತಿಳಿಸಿದ್ದಾಳೆ.”

ಎರಡು ನಿಮಿಷಕ್ಕೆ ಅಣ್ಣನ ಫೋನ್ ಬಂತು. ಹಿಂದೆ ಯಂತ್ರದ ಸದ್ದು. ಎಲ್ಲೋ ಕಟ್ಟಡವೊಂದರ ತುದಿಯಲ್ಲಿದ್ದ.

“ಏನಂದ್ಲು? ಅಂಗಡಿನಾ?”

“ಹೂಂ ಕಣೋ, ಪಾಪ, ಒಬ್ಬಳೇ ಅಲ್ವಾ…”

“ಭಾನುವಾರ ಅವಳ ಅಂಗಡಿ ಯಾವತ್ತು ತೆಗೆದಿತ್ತು ಮಾರಾಯ್ತಿ? ಇಪ್ಪತ್ತಾರು ವರ್ಷದಲ್ಲಿ ಒಂದು ಭಾನುವಾರ ಹೇಳು.”

ದಿನಾಂಕ, ವಾರ, ವೇಳೆ ಇವನ್ನು ಬೇರೆಯವರ ಬರಹದಲ್ಲಿ ಕಣ್ಣಲ್ಲಿ ಕಣ್ಣಿಟ್ಟು ನೋಡುವವಳು ತಾನೇ ಎಡವಿದ್ದಳು.

“ಅವಳು ಹಾಗೆ ಸುಳ್ಳು ಹೇಳೋಳಲ್ಲ,” ಅಣ್ಣ ಹೇಳಿದ. “ಬರಲ್ಲ ಅಂದ್ರೆ ಬರಲ್ಲ ಅಂತಾಳೆ, ಮುಖಕ್ಕೆ ಹೊಡೆದ ಹಾಗೆ. ಏನು ಬರೆದಿದ್ಲು? ಓದು.”

ಅವಳು ಓದಿದಳು.

“ಮರೀಬೇಕು ಅಂತ ನಾನೆಲ್ಲಿ ಅಂದೆ? ಕನ್ನಡಕದ ವಿಷಯ ಬರೆದಿದ್ನಲ್ಲ, ಅದಕ್ಕೇನಂದ್ಲು?”

“ಯಾವ… ಆ ಸ್ಕ್ರೂದಾ?”

“ಆ ಸ್ಕ್ರೂದೇ. ಆಸ್ಪತ್ರೇಲಿ ಅವಳಿಗೆ ನಾನೇನಂದಿದ್ದೆ ಗೊತ್ತಾ ನಿಂಗೆ? ನೀನು ಮಾಡಿಕೊಟ್ಟ ಕನ್ನಡಕದ ನಂಬರ್ ತಪ್ಪು, ಅದಕ್ಕೇ ಅಪ್ಪ ಮೆಟ್ಟಿಲು ಕಾಣದೆ ಬಿದ್ರು ಅಂದೆ. ತಲೆ ಕೆಟ್ಟಿತ್ತು, ಅಂದುಬಿಟ್ಟೆ. ಅದಾಗಿ ಮೂರನೇ ದಿನ ರಿಪೇರಿ ಚೀಲ ತೆಗೆದರೆ ಇಕ್ಕಳದ ಕೆಳಗೆ ಅಪ್ಪನ ಕನ್ನಡಕ. ಅಪ್ಪ ಅವತ್ತು ಕನ್ನಡಕಾನೇ ಹಾಕಿರಲಿಲ್ಲ. ಅದನ್ನ ಹೇಳೋಕೆ ನಂಗೆ ನಾಲ್ಕು ವರ್ಷ ಬೇಕಾಯ್ತು. ಬರೆದು ಅಳಿಸಿ, ಬರೆದು ಅಳಿಸಿ ಮೊನ್ನೆ ಕಳಿಸಿದೆ. ಅದಕ್ಕೆ ಅವಳು ಏನೂ ಅಂದಿಲ್ವಾ?”

ಪುಟ ಕಟ್ಟುವವನು ತನ್ನ ಜಾಗದಿಂದ ಕೂಗಿದ: “ಕತ್ತರೀ, ನಾಲ್ಕು ಸಾಲು ಜಾಸ್ತಿ ಇದೆ, ಏನು ತೆಗೀಲಿ?”

“ಏನೂ ತೆಗೀಬೇಡ, ಸುಮ್ನಿರು,” ಎಂದಳು ಅವಳು. ಅವನು ತಲೆಯೆತ್ತಿ ನೋಡಿದ. ಆ ಮೇಜಿನಿಂದ ಅಂಥ ಮಾತು ಅವನು ಕೇಳಿರಲಿಲ್ಲ.

“ಸಂಜೆ ಹೇಳ್ತೀನಿ ಕಣೋ,” ಎಂದು ಅಣ್ಣನಿಗೆ ಹೇಳಿ ಫೋನ್ ಇಟ್ಟಳು.

ಐದು ಗಂಟೆಗೆ ಅವಳು ಕನ್ನಡಕದ ಅಂಗಡಿಯ ಬಾಗಿಲು ತಳ್ಳಿಕೊಂಡು ಒಳಗೆ ಹೋದಾಗ ಅಕ್ಕ ಒಬ್ಬ ಬಸ್ ಚಾಲಕನ ಮೂಗಿನ ಮೇಲೆ ಫ್ರೇಮ್ ಕೂರಿಸಿ, ತಲೆ ಓರೆ ಮಾಡಿ ಅಳತೆ ನೋಡುತ್ತಿದ್ದಳು.

“ಏನೇ, ಪೇಪರ್ ಮುಚ್ಚಿಹೋಯ್ತಾ? ಇಷ್ಟೊತ್ತಿಗೇ ಬಂದೆ?” ಎಂದಳು ತಿರುಗದೆಯೇ. “ಅವನ ಪರವಾಗಿ ವಕಾಲತ್ತು ಮಾಡೋಕೆ ಬಂದಿದ್ರೆ ಹಾಗೇ ಹೊರಡು.”

“ಅಕ್ಕಾ, ಅಣ್ಣ ಕಳಿಸಿದ್ದು ಬೇರೆ. ನಾನು ನಿಂಗೆ ಕಳಿಸಿದ್ದು ಬೇರೆ.”

“ಅಂದ್ರೆ?”

“ತಿದ್ದಿದ್ದೆ. ಈಗ ಪೂರ್ತಿ ಫಾರ್ವರ್ಡ್ ಮಾಡ್ತೀನಿ, ನೋಡು.”

“ಫಾರ್ವರ್ಡ್ ಮಾಡಿದ್ರೆ ನಿನ್ನ ಹೆಸರಲ್ಲೇ ಬರುತ್ತೆ. ಅವನು ಬರೆದದ್ದೋ ನೀನು ಬರೆದದ್ದೋ ನಂಗೆ ಹೇಗೆ ಗೊತ್ತಾಗಬೇಕು? ಕೊಡು ಇಲ್ಲಿ ಫೋನು.”

ಗಾಜು ಉಜ್ಜುವವಳಿಗೆ ಕೂದಲೆಳೆಯ ವ್ಯತ್ಯಾಸವೂ ವ್ಯತ್ಯಾಸವೇ. ಅಕ್ಕ ಮೇಜಿನ ದೀಪ ಹಾಕಿ, ತಂಗಿಯ ಫೋನನ್ನು ಎಡಕ್ಕೂ ತನ್ನದನ್ನು ಬಲಕ್ಕೂ ಇಟ್ಟುಕೊಂಡು, ಎರಡರ ಮೇಲೂ ಒಂದೊಂದು ಬೆರಳಿಟ್ಟು ಸಾಲು ಸಾಲಾಗಿ ಓದಿದಳು. ಸ್ಕ್ರೂ ಇದ್ದ ಸಾಲಿಗೆ ಬಂದಾಗ ಎಡಗೈ ಬೆರಳು ನಿಂತಿತು. ಬಲಗಡೆ ಅದಕ್ಕೆ ಜೊತೆ ಇರಲಿಲ್ಲ. ಅವಳು ಆ ಬೆರಳನ್ನು ಬಹಳ ಹೊತ್ತು ಅಲ್ಲಿಂದ ತೆಗೆಯಲಿಲ್ಲ.

“ಅಪ್ಪನ ನಂಬರಿನ ಚೀಟಿ ಈಗಲೂ ಆ ಡ್ರಾಯರ್‌ನಲ್ಲಿದೆ,” ಎಂದಳು ಕೊನೆಗೆ. “ವಾರಕ್ಕೊಂದು ಸಲ ತೆಗೆದು ನೋಡ್ತೀನಿ. ಚೀಟಿ ಸರಿ ಇದೆ. ಆದರೆ ಗಾಜು ಉಜ್ಜೋವಾಗ ನನ್ನ ಕೈ ತಪ್ಪಿತ್ತಾ ಅಂತ ಗಾಜು ನೋಡದೆ ಹೇಗೆ ಹೇಳಲಿ? ಅದಕ್ಕೇ ತಾನೇ ಕನ್ನಡಕ ಕಳಿಸು ಅಂತ ಅವನನ್ನ ಕೇಳಿದ್ದು.”

ಕತ್ತರಿ ಬೆಂಚಿನ ಮೇಲೆ ಕೂತಳು. ಅವಳಿಗೆ ನೆನಪಾಗಿತ್ತು. ಮೊದಲ ವರ್ಷವೇ ಅಕ್ಕ ಬರೆದಿದ್ದಳು: ಅಪ್ಪನ ಕನ್ನಡಕ ಅವನ ಹತ್ರ ಇದ್ರೆ ಕಳಿಸಲಿ, ಒಂದು ಸಲ ನೋಡಬೇಕು. ತೀರಿಕೊಂಡವರ ಸಾಮಾನಿಗಾಗಿ ಜಗಳ ಶುರುವಾಯಿತಲ್ಲ ಎಂದು ಮುಜುಗರಪಟ್ಟು ಅವಳು ಅದನ್ನು ತೆಗೆದಿದ್ದಳು.

“ನೀನು ಎಷ್ಟು ಸಲ ಕೇಳಿದ್ದೆ ಅಕ್ಕ?” ಎಂದು ಕತ್ತರಿಯೇ ಕೇಳಿದಳು.

“ಮೂರು ಸಲ. ಅವನು ಒಂದು ಸಲಾನೂ ಉತ್ತರ ಕೊಡಲಿಲ್ಲ. ಅಷ್ಟೊಂದು ಸೊಕ್ಕು ಅವನಿಗೆ ಅಂದುಕೊಂಡೆ.” ಅಕ್ಕ ತಂಗಿಯ ಮುಖ ನೋಡಿದಳು. ನೋಡುತ್ತಾ ಇದ್ದಂತೆ ಅವಳಿಗೆ ಅರ್ಥವಾಯಿತು. “ಅದೂ ನೀನೇನಾ?”

“ಮೂರೂ ನಾನೇ ತೆಗೆದೆ ಅಕ್ಕ. ಅವನಿಗೆ ಒಂದೂ ಹೋಗಿಲ್ಲ.”

“ಯಾಕೆ?”

“ಜಗಳ ಬೆಳೀಬಾರದು ಅಂತ.”

“ನಿಂಗೇನು ಗೊತ್ತಿತ್ತು ಜಗಳ ಯಾವುದರದು ಅಂತ?” ಅಕ್ಕ ದನಿ ಎತ್ತರಿಸಲಿಲ್ಲ. “ನಾಲ್ಕು ವರ್ಷ ಇವನ ಮೆಸೇಜ್ ಓದ್ತಿದ್ರೆ ಯಾರೋ ಸರ್ಕಾರಿ ಗುಮಾಸ್ತ ಬರೆದ ಹಾಗಿರೋದು. ನಮ್ಮವನು ಇಷ್ಟು ಬದಲಾಗಿಬಿಟ್ನಾ, ನಂಗೆ ಬೈಯೋಕೂ ಅವನಿಗೆ ಮನಸ್ಸಿಲ್ವಾ ಅಂತ ಅದೊಂದು ಬೇರೆ ಕೊರಗು.”

ಅವಳು ತಂಗಿಯ ಫೋನನ್ನು ಮತ್ತೆ ಎತ್ತಿಕೊಂಡು ಹಿಂದಿನದನ್ನೆಲ್ಲ ಮೇಲಕ್ಕೆ ತಳ್ಳುತ್ತಾ ಓದಿದಳು. ಒಂದು ಕಡೆ ಮೂಗಿನಿಂದ ನಗುವಿನ ಸದ್ದು ಬಂತು. “ನನ್ನ ತಲೆಯೊಳಗೆ ಮೆದುಳಿರೋ ಕಡೆ ತುಕ್ಕು ಹಿಡಿದಿದ್ಯಂತೆ, ಎಣ್ಣೆ ಬಿಡಬೇಕಂತೆ. ಇದನ್ನ ಯಾಕೆ ತೆಗೆದೆ? ಇದು ಚೆನ್ನಾಗಿದೆ.”

“ಅಮ್ಮಾ,” ಎಂದ ಬಸ್ ಚಾಲಕ, ಗಾಜಿಲ್ಲದ ಫ್ರೇಮಿನೊಳಗಿಂದ ಇಬ್ಬರನ್ನೂ ನೋಡುತ್ತಾ. “ನಾನು ನಾಳೆ ಬರಲಾ?”

“ಕೂತ್ಕೊಳಪ್ಪ. ನಿನಗೂ ಅಕ್ಕತಂಗಿ ಇದ್ದಾರೆ ತಾನೇ?”

“ಮೂರು ಜನ.”

“ಹಾಗಾದ್ರೆ ಕೂತು ಕೇಳು, ಉಪಯೋಗಕ್ಕೆ ಬರುತ್ತೆ.”

ಅಕ್ಕ ತನ್ನ ಫೋನ್ ತೆಗೆದುಕೊಂಡಳು. ಅಣ್ಣನ ಹೆಸರು ಅದರಲ್ಲಿರಲಿಲ್ಲ. ನಾಲ್ಕು ವರ್ಷದ ಹಿಂದೆಯೇ ಅಳಿಸಿದ್ದಳು. ಅಂಕಿಗಳನ್ನು ಒಂದೊಂದಾಗಿ, ಎಲ್ಲೂ ತಡವರಿಸದೆ ಒತ್ತಿ ಕಿವಿಗಿಟ್ಟುಕೊಂಡಳು.

“ಹೂಂ. ನಾನೇ.”

ಅಕ್ಕ ಕಾದಳು. ಕತ್ತರಿ ಗೋಡೆಯ ಮೇಲಿನ ಅಕ್ಷರಗಳ ಹಲಗೆಯನ್ನು ದೊಡ್ಡದರಿಂದ ಚಿಕ್ಕದರವರೆಗೆ ಓದಿ ಮುಗಿಸಿದಳು.

“ಬಲಗಡೆದೇನಾ?” ಎಂದಳು ಅಕ್ಕ. “ಬಲಗಡೆದು ಹೇಗೆ ಸಡಿಲ ಆಗುತ್ತೆ? ಆ ತಿಂಗಳೇ ನಾನು ಬದಲಾಯಿಸಿದ್ದೆ… ಮಲಗುವಾಗ ಒಂದೇ ಕೈಯಲ್ಲಿ ಎಳೆದು ತೆಗೀತಿದ್ರಾ? ಎಷ್ಟು ಸಲ ಹೇಳಿದೀನಿ ಅಪ್ಪಂಗೆ, ಎರಡು ಕೈಯಲ್ಲಿ ತೆಗೀರಿ ಅಂತ… ಹೂಂ… ಈಗೆಲ್ಲಿದೆ? … ಗಾಜು ಒರೆಸಬೇಡ, ಮುಟ್ಟಬೇಡ, ಹಾಗೇ ತಗೊಂಡು ಬಾ. ಯಂತ್ರಕ್ಕಿಟ್ಟು ನೋಡ್ತೀನಿ.” ಡ್ರಾಯರ್ ಎಳೆದು ಚೀಟಿ ತೆಗೆದಿಟ್ಟಳು. “ನೀನು ಹೇಳಿದ್ದನ್ನ ನಂಬಿದೆ ಕಣೋ. ಆದರೂ ನೋಡಬೇಕು. ನನ್ನ ಕೆಲಸ ಅದು.”

ಕನ್ನಡಿಯ ಕಡೆ ತಿರುಗಿ ಸೆರಗಿನ ತುದಿಯಿಂದ ಕಣ್ಣಿನ ಮೂಲೆ ಒತ್ತಿಕೊಂಡಳು. ದನಿ ಮಾತ್ರ ಹಾಗೆಯೇ ಇತ್ತು.

“ಅಳಬೇಡ. ಎಲ್ಲಿದ್ದೀಯ, ಲಿಫ್ಟಿನ ಮೇಲಾ? ಮೊದಲು ಕೆಳಗಿಳಿ… ಹತ್ತೂವರೆಗೆ ಅಂದ್ರೆ ನಾನು ಎಂಟಕ್ಕೇ ಬರ್ತೀನಿ. ಹುಡುಗಿಗೆ ಜಡೆ ಯಾರು ಹಾಕ್ತಾರೆ, ನೀನಾ? … ಅವಳಾ? ಇಲ್ಲೇ ಕೂತಿದ್ದಾಳೆ. ಹೌದು, ನಾನು ಕೇಳಿದ್ದನ್ನೂ ನಿಂಗೆ ಕಳಿಸಿಲ್ಲ. ಮೂರು ಸಲ… ಅದನ್ನ ನಂಗ್ಯಾಕೆ ಹೇಳ್ತೀಯ? ನಾನು ಯಾರ ಮಾತನ್ನೂ ದಾಟಿಸಲ್ಲ. ನೀನೇ ಹೇಳು.”

ಫೋನನ್ನು ತಂಗಿಯ ಕೈಗೆ ಕೊಟ್ಟು ಅಕ್ಕ ಬಸ್ ಚಾಲಕನ ಫ್ರೇಮಿನ ಕಡೆ ತಿರುಗಿದಳು.

ಕತ್ತರಿ ಫೋನನ್ನು ಕಿವಿಗಿಟ್ಟುಕೊಂಡಳು. ಅಣ್ಣ ಮೂಗು ಒರೆಸಿಕೊಂಡು, ಉಸಿರು ಎಳೆದುಕೊಂಡು, ಅವಳು ಹುಟ್ಟಿದ ದಿನದಿಂದ ಹಿಡಿದು ಬೈಯಲು ಶುರು ಮಾಡಿದ. ಅವಳು ಬೆಂಚಿನ ಮೇಲೆ ನೆಟ್ಟಗೆ ಕೂತು ಪೂರ್ತಿಯಾಗಿ ಕೇಳಿದಳು.