ಪೋರ್ಟ್ ಮುಚ್ಚಿದೆ

ಮತ್ತೆ ಅದೇ ಕೆಂಪು ಅಕ್ಷರ, ಪೋರ್ಟ್ ಮುಚ್ಚಿದೆ, ಅದರ ಮೇಲೆ ಒಂದು ನೊಣ ಬಂದು ಕೂತು ಮುಂಗಾಲು ಉಜ್ಜಿಕೊಳ್ಳುತ್ತಿದೆ, ಉಜ್ಜಿಕೋ, ನಿನಗೇನು ಕಷ್ಟ, ಶಟರ್ ಅರ್ಧ ಎತ್ತಿದ್ದರೂ ಸಾಕು, ಗೋಡೆಯಲ್ಲಿ ಒಂದು ಬಿರುಕಿದ್ದರೂ ಸಾಕು, ಯಾರನ್ನೂ ಕೇಳದೆ ಒಳಗೆ ಬರುತ್ತೀಯ, ನನ್ನ ತಂಗಿಗೆ ಆ ಭಾಗ್ಯ ಇಲ್ಲ, ಅವಳು ಬರುವುದಕ್ಕೆ ಉಳಿದಿರುವುದು ಇದೊಂದೇ ಬಾಗಿಲು, ಅದನ್ನೂ ಮುಚ್ಚಿದೆ ಮುಚ್ಚಿದೆ ಎಂದು ಬೆಳಗಿನಿಂದ ಒಂದೇ ರಾಗ ಎಳೆಯುತ್ತಿದೆ ಈ ಪರದೆ — ಮುಚ್ಚಿದ್ದರೆ ತೆಗೆಯುತ್ತೇನೆ, ತೆಗೆಯದೆ ಈ ಸ್ಟೂಲಿನಿಂದ ಏಳುವುದಿಲ್ಲ, ಸುಟ್ಟು ಕರಕಲಾದ ಮೋಟಾರುಗಳನ್ನು ಬಿಚ್ಚಿ ಹೊಸ ತಾಮ್ರದ ತಂತಿ ಸುತ್ತಿ ಮತ್ತೆ ತಿರುಗುವ ಹಾಗೆ ಮಾಡಿದ ಕೈ ಇದು, ಅಂಗೈಯಗಲದ ಒಂದು ಪೆಟ್ಟಿಗೆಗೆ ಹೆದರುತ್ತದೆಯೇ. ಹೊಸ ರೂಟರ್, ಮೆಟ್ಟಿಲಿನ ತಿರುವಿನಲ್ಲಿ ಮೊಳೆ ಹೊಡೆದು ನೇತುಹಾಕಿದ್ದಾನೆ ಅಣ್ಣ, ನಾಲ್ಕು ಕೊಂಬು ಎತ್ತಿಕೊಂಡು ನಿಂತಿದೆ, ಥೇಟ್ ಅಣ್ಣನ ಹಾಗೇ. ಹಳೆಯದಕ್ಕೆ ಎಲ್ಲ ಗೊತ್ತಿತ್ತು, ಹೊರಗಿನಿಂದ ಯಾರಾದರೂ ಇಂಥ ನಂಬರಿನ ಪೋರ್ಟ್ ಕೇಳಿಕೊಂಡು ಬಂದರೆ ಕೆಳಗೆ ವರ್ಕ್‌ಶಾಪಿನ ಹಿಂದಿನ ಕೋಣೆಯ ಕಂಪ್ಯೂಟರಿಗೆ ಕಳಿಸು ಎಂದು ತಂಗಿಯೇ ಅದಕ್ಕೆ ಹೇಳಿಕೊಟ್ಟು ಹೋಗಿದ್ದಳು, ಆ ಕಂಪ್ಯೂಟರಿನಲ್ಲಿದೆ ನಮ್ಮ ಆಟದ ಸರ್ವರ್, ಇಟ್ಟಿಗೆಯ ಮೇಲೆ ಇಟ್ಟಿಗೆ ಇಟ್ಟು ಮನೆ ಕಟ್ಟುವ ಆಟ, ನಾವಿಬ್ಬರೇ ಇರುವ ಒಂದು ಸಣ್ಣ ಲೋಕ, ಇದೆಲ್ಲ ನಂಗ್ಯಾಕೆ ಕಣೇ ಎಂದಿದ್ದೆ ಆಗ, ಬೇಕಾಗುತ್ತೆ ಅಕ್ಕ ಎಂದಿದ್ದಳು, ಅಷ್ಟೇ, ಯಾಕೆ ಬೇಕಾಗುತ್ತದೆ ಎಂದು ಹೇಳಲಿಲ್ಲ. ಹೊಸ ಪೆಟ್ಟಿಗೆಗೆ ತಂಗಿಯೂ ಗೊತ್ತಿಲ್ಲ, ನಾನೂ ಗೊತ್ತಿಲ್ಲ. ಗೊತ್ತು ಮಾಡಿಸುತ್ತೇನೆ.

ಪಿಟೀಲು ಎಂದು ಅವಳಿಗೆ ಹೆಸರಿಟ್ಟವಳು ನಾನೇ, ಮಗುವಾಗಿದ್ದಾಗ ಅಷ್ಟು ಸಣ್ಣ ಎಳೆಯಲ್ಲಿ ಅಳುತ್ತಿದ್ದಳು, ಆಟದಲ್ಲೂ ಅವಳ ಗೊಂಬೆಯ ತಲೆಯ ಮೇಲೆ ಅದೇ ಹೆಸರು, ಈಗ ಆ ದನಿ ಕೇಳಿ ಎಷ್ಟು ಕಾಲವಾಯಿತು, ಫೋನ್ ಇಲ್ಲವೆಂದಲ್ಲ, ಇದೆ, ಸಂಜೆಯಾದರೆ ಅವಳ ಗಂಡ ಮಹಾಶಯ ಅದನ್ನು ಕೈಗೆತ್ತಿಕೊಂಡು ಕೂರುತ್ತಾನೆ, ಯಾರಿಗೆ ಮಾಡಿದ್ದೆ, ಅಕ್ಕ ಏನಂದ್ಲು, ನೀನೇನಂದೆ, ಅಷ್ಟು ಹೊತ್ತು ಏನಿತ್ತು ಮಾತಾಡೋಕೆ — ಕೈ ಎತ್ತುವುದಿಲ್ಲ, ದನಿಯನ್ನೂ ಎತ್ತುವುದಿಲ್ಲ, ಬರೀ ಪ್ರಶ್ನೆ, ಉತ್ತರ ಕೊಟ್ಟು ಕೊಟ್ಟು ನನ್ನ ಪಿಟೀಲು ಸವೆದು ಹೋದಳು. ನಾನೇನು ಕೈಕಟ್ಟಿ ಕೂರಲಿಲ್ಲ, ಬಸ್ಸು ಹತ್ತಿ ಹೋದೆ, ಮುಂದಿನ ಕೋಣೆಯಲ್ಲಿ ಕೂರಿಸಿ ನೀರು ಕೊಟ್ಟ, ತಾನೂ ಪಕ್ಕದಲ್ಲೇ ಕೂತ, ಹೊರಡುವ ತನಕ ಏಳಲಿಲ್ಲ, ಅವಳು ನನ್ನ ಮುಖವನ್ನೇ ನೋಡಲಿಲ್ಲ, ನೆಲ ನೋಡುತ್ತಾ ಚೆನ್ನಾಗಿದ್ದೀನಿ ಅಂದಳು, ನಾನು ಬಂದು ಹೋದ ತಪ್ಪಿಗೆ ಆಮೇಲೆ ವಾರಗಟ್ಟಲೆ ಪ್ರಶ್ನೆಗಳಂತೆ, ಮನೆಗೆ ಬರಬೇಡ ಅಕ್ಕ ಇಲ್ಲೇ ಸಿಗೋಣ ಎಂದು ಆಟದೊಳಗೆ ಹಲಗೆಯ ಮೇಲೆ ಬರೆದಳು. ಆಟ ಅವನ ಲೆಕ್ಕಕ್ಕಿಲ್ಲ, ಮಗಳ ಟ್ಯಾಬಿನಲ್ಲಿರುವ ಮಕ್ಕಳಾಟಿಕೆ, ಮಧ್ಯಾಹ್ನ ಉಂಡು ಅವನು ಗೊರಕೆ ಹೊಡೆಯುವಾಗ ಇವಳು ಬರುತ್ತಾಳೆ, ನೀಲಿ ಅಂಗಿಯ ಚೌಕ ತಲೆಯ ಗೊಂಬೆಯಾಗಿ, ನಾವು ಕಟ್ಟಿದ ಮನೆಯ ಗೋಡೆಗೆ ಹಲಗೆ ನೆಟ್ಟು ಬರೆಯುತ್ತಾಳೆ, ನಾನು ಕೆಳಗೆ ಉತ್ತರ ಬರೆಯುತ್ತೇನೆ, ಮರುದಿನ ಓದಿ ಒಡೆದು ಹಾಕುತ್ತಾಳೆ. ಕೊನೆಯ ಸಲ ಹಲಗೆ ಸಾಲದೆ ಪಕ್ಕದಲ್ಲೊಂದು, ಅದರ ಪಕ್ಕದಲ್ಲಿ ಮತ್ತೊಂದು — ಗುರುವಾರ ಮನೆ ಖಾಲಿ ಮಾಡ್ತಾರೆ, ದೂರದ ಊರು, ಅಲ್ಲಿ ನೆಟ್ ಹಾಕ್ಸಲ್ವಂತೆ, ಮಗೂನ ಕರ್ಕೊಂಡು ನಾನು ಬಂದ್ಬಿಟ್ರೆ ಬಾಗಿಲು ತೆಗೀತೀಯಾ ಅಕ್ಕ. ನಾನು ಅದನ್ನು ಓದುವಷ್ಟರಲ್ಲಿ ಅವಳು ಹೋಗಿಯಾಗಿತ್ತು, ಉತ್ತರ ಬರೆದೆ, ಅವಳು ಬಂದು ನೋಡುವ ಮೊದಲೇ ಅಣ್ಣ ಹಳೇ ಪೆಟ್ಟಿಗೆ ಕಿತ್ತು ಇದನ್ನು ನೇತುಹಾಕಿದ, ಸ್ಪೀಡ್ ಜಾಸ್ತಿಯಂತೆ, ಬೆಂಕಿ ಬೀಳಲಿ ಆ ಸ್ಪೀಡಿಗೆ, ಅವಳು ಯಾಕೆ ಕಾಣುತ್ತಿಲ್ಲ ಎಂದು ನನಗೆ ಹೊಳೆದದ್ದು ಇವತ್ತು ಬೆಳಿಗ್ಗೆ. ನಾಳೆ ಗುರುವಾರ. ದಿನಾ ಮಧ್ಯಾಹ್ನ ಅವಳು ಬಂದಿರುತ್ತಾಳೆ, ಬಾಗಿಲು ಬಡಿದಿರುತ್ತಾಳೆ, ಅಕ್ಕ ನನ್ನ ಪ್ರಶ್ನೆ ನೋಡಿ ಬಾಗಿಲು ಹಾಕಿಕೊಂಡಳು ಎಂದುಕೊಂಡಿರುತ್ತಾಳೆ.

ಹಾಗೆ ಅಂದುಕೊಂಡಳೋ, ಅಂದುಕೊಳ್ಳಲಿ, ಇವತ್ತು ಮಧ್ಯಾಹ್ನದ ತನಕ ಮಾತ್ರ. ಬಾಗಿಲ ವಿಷಯದಲ್ಲಿ ಅವಳಿಗೆ ನಾನು ಮೋಸ ಮಾಡುವುದುಂಟೇ — ವೈಂಡಿಂಗ್ ಕಲಿಯಲು ಸೇರಿದ ಹೊಸದರಲ್ಲಿ ಕೆಲಸ ಮುಗಿಯುವಾಗ ಕತ್ತಲಾಗುತ್ತಿತ್ತು, ದೀಪ ಹಚ್ಚಿದ ಮೇಲೆ ಬರುವ ಹೆಣ್ಣುಮಗಳಿಗೆ ಈ ಮನೆ ಬಾಗಿಲು ಇಲ್ಲ ಅಂತ ಅಪ್ಪ ಅಂದರು, ಅಂದದ್ದಷ್ಟೇ ಅಲ್ಲ, ಎದ್ದು ಬಾಗಿಲು ತಳ್ಳಿಬಿಟ್ಟರು, ತಳ್ಳಿದರೆ ತಾನೇ ಬೀಗ ಬೀಳುವ ಬಾಗಿಲು, ಬೀಳಲಿಲ್ಲ, ಸಂದಿಯಲ್ಲಿ ಒಂದು ಚಪ್ಪಲಿ ಇತ್ತು, ಕೆಂಪು ರಬ್ಬರ್ ಚಪ್ಪಲಿ, ಪಿಟೀಲಿನದು, ಎಡಗಾಲಿನದು. ಅಪ್ಪ ನೋಡಲಿಲ್ಲ, ನಾನು ಬಂದು ಬೆರಳು ತೂರಿಸಿ ಬಾಗಿಲು ಎಳೆದೆ, ಚಪ್ಪಲಿ ಎತ್ತಿಕೊಂಡು ಒಳಗೆ ಹೋದೆ, ಆಮೇಲೆ ಅದೇ ಅಭ್ಯಾಸ, ದಿನಾ ಸಂಜೆ ಅವಳು ಒಂದು ಚಪ್ಪಲಿ ಹಾಕಿಕೊಂಡು ಕುಂಟುತ್ತಾ ಓಡಾಡುವಳು, ಇನ್ನೊಂದೆಲ್ಲೇ ಎಂದರೆ ಕಳೆದುಹೋಯ್ತು ಅನ್ನುವಳು, ಬೈಸಿಕೊಳ್ಳುವಳು, ಜಪ್ಪಯ್ಯ ಅಂದರೂ ಬಾಯಿ ಬಿಡಲಿಲ್ಲ, ಅಷ್ಟು ಪುಟ್ಟ ಹುಡುಗಿ. ನನ್ನ ಈ ವರ್ಕ್‌ಶಾಪು, ಈ ತಂತಿಯ ಸುರುಳಿಗಳು, ಹೊರಗೆ ನನ್ನ ಹೆಸರಿನ ಬೋರ್ಡು, ಎಲ್ಲ ಆ ಚಪ್ಪಲಿಯ ಸಂದಿಯಿಂದ ಬಂದದ್ದು, ಇದು ಅಣ್ಣನಿಗೆ ಗೊತ್ತಿಲ್ಲ, ಕನೆಕ್ಷನ್ ಕಂಪನಿಯ ಸಹಾಯದ ನಂಬರಿಗೆ ಫೋನ್ ಮಾಡಿದರೆ ಸಿಗುವ ಆ ಹುಡುಗಿಗೂ ಗೊತ್ತಿಲ್ಲ, ನೆಟ್ ಬರ್ತಿದೆ ತಾನೆ ಮೇಡಂ ಮತ್ತೇನು ಪ್ರಾಬ್ಲಂ ಎಂದು ಸಕ್ಕರೆ ಹಾಕಿ ಮಾತಾಡಿ ಇಟ್ಟೇಬಿಟ್ಟಳು. ಇಡಲಿ. ಪೆಟ್ಟಿಗೆಯ ಬೆನ್ನಿಗೆ ಅಂಟಿಸಿದ ಚೀಟಿಯಲ್ಲೇ ಪಾಸ್‌ವರ್ಡ್ ಇತ್ತು, ನಾನೇ ಒಳಹೊಕ್ಕೆ, ಸರ್ವರಿನ ಸೆಟ್ಟಿಂಗಿನಲ್ಲಿ ಇಪ್ಪತ್ತೇಳು ಸಾವಿರದ ನಲವತ್ತೊಂದು ಎಂದಿತ್ತು, ಅದನ್ನೇ ರೂಟರಿಗೆ ಹೇಳಿದೆ, ಪೋರ್ಟ್ ತೆಗೆದಿದೆಯೇ ಎಂದು ಹೊರಗಿನಿಂದ ಪರೀಕ್ಷೆ ಮಾಡುವ ಇಂಟರ್ನೆಟ್ ಪುಟದಲ್ಲಿ ನೋಡಿದೆ, ಮುಚ್ಚಿದೆ. ಬೇರೆ ನಂಬರ್ ಹಾಕಿ ನೋಡಿ ಎಂದು ಇಂಟರ್ನೆಟ್ಟಿನಲ್ಲಿ ಯಾರೋ ಪುಣ್ಯಾತ್ಮ ಬರೆದಿದ್ದ, ಸರ್ವರಿನಲ್ಲೂ ರೂಟರಿನಲ್ಲೂ ಬೇರೆ ಹಾಕಿದೆ, ಮುಚ್ಚಿದೆ, ಮತ್ತೊಂದು, ಮುಚ್ಚಿದೆ. ಕೆಲಸದಲ್ಲಿ ಹುಡುಗಾಟ ಮಾಡುವವಳಲ್ಲ ನಾನು, ಒಂದೊಂದು ಸಲವೂ ಮೊದಲು ಸರ್ವರ್ ನಿಲ್ಲಿಸುತ್ತೇನೆ, ಆಮೇಲೆ ನಂಬರ್ ತಿದ್ದುತ್ತೇನೆ, ಪರೀಕ್ಷೆ ಮಾಡುತ್ತೇನೆ, ಪಾಸಾದರೆ ತಾನೆ ಶುರು ಮಾಡುವುದು, ಕಲಿಸಿದ ಮೇಸ್ತ್ರಿಯ ಮಾತು, ಫ್ಯೂಸ್ ಕಿತ್ತು ಜೇಬಿಗೆ ಹಾಕ್ಕೋ, ಸುತ್ತು, ಟೆಸ್ಟ್ ಮಾಡು, ಎಲ್ಲ ಸರಿ ಅಂದ್ರೆ ಮಾತ್ರ ಕರೆಂಟ್ ಕೊಡು, ಹೇಳುವಾಗ ಉಗುರಿಲ್ಲದ ತಮ್ಮ ಹೆಬ್ಬೆರಳು ತೋರಿಸುತ್ತಿದ್ದರು, ಆ ಹೆಬ್ಬೆರಳು ನೋಡಿದವರಾರೂ ಆ ಮಾತು ಮೀರುವುದಿಲ್ಲ.

ಮೆಟ್ಟಿಲ ಮೇಲೆ ಚಪ್ಪಲಿ ಸದ್ದು, ಅಣ್ಣನದೇ, ಹಿಮ್ಮಡಿ ಎಳೆದು ನಡೆಯುತ್ತಾನೆ, ಬಾಗಿಲಲ್ಲಿ ನಿಂತ, ಏನಮ್ಮಾ ಇದು, ಮೋಟಾರೆಲ್ಲ ಬಿಚ್ಚಿದ ಹಾಗೇ ಬಿದ್ದಿದೆ, ನೀನು ನೋಡಿದ್ರೆ ಗೇಮ್ ಮುಂದೆ ಕೂತಿದ್ದೀಯ. ನಾನು ತಿರುಗಲಿಲ್ಲ. ನಿನ್ನ ಪೆಟ್ಟಿಗೆ ಅವಳ ಬಾಗಿಲು ಮುಚ್ಚಿದೆ, ತೆಗೀತಿದ್ದೀನಿ ಅಂದೆ. ಗಂಡ ಹೆಂಡತಿ ಮಧ್ಯೆ ನಾವು ಮೂಗು ತೂರಿಸಬಾರದು, ಅವನೇನು ಕುಡೀತಾನಾ ಹೊಡೀತಾನಾ ಎಂದು ಶುರು ಮಾಡಿದ, ಇದನ್ನೇ ಎಷ್ಟು ಸಲ ಹೇಳುತ್ತಾನೋ, ಹೊಡೆದರೆ ಮಾತ್ರ ನೋವೇ, ಆಸ್ಪತ್ರೆಗೆ ಸೇರಿದರೆ ಮಾತ್ರ ತಂಗಿಯೇ, ಮೈಯೆಲ್ಲ ಉರಿಯಿತು ನನಗೆ, ತಿರುಗಿ ಕೂತೆ. ಅವಳು ಮಗೂನ ಕರ್ಕೊಂಡು ಬರ್ತೀನಿ ಅಂತಿದ್ದಾಳೆ, ಬಾಗಿಲು ತೆಗೀತೀಯಾ ಅಂತ ಕೇಳಿದ್ದಾಳೆ, ಅಂದೆ. ಅಣ್ಣ ಮೇಜಿನ ಮೇಲಿನ ತಂತಿಯ ತುಂಡೆತ್ತಿ ಬೆರಳಿಗೆ ಸುತ್ತಿಕೊಂಡ. ಬಂದ್ರೆ ಎಲ್ಲಿರ್ತಾಳೆ, ಮೇಲೆ ಜಾಗ ಎಲ್ಲಿದೆ. ಇಲ್ಲಿ, ಈ ಕೋಣೇಲಿ, ನನ್ನ ಪಕ್ಕದಲ್ಲಿ. ಇಲ್ಲಿ ವಾರ್ನಿಷ್ ನಾತಕ್ಕೆ ಮನುಷ್ಯರು ಇರ್ತಾರಾ. ನಾನು ಮನುಷ್ಯಳಲ್ವಾ. ಆ ವೈರ್ ಕಿತ್ತು ಹಾಕ್ತೀನಿ ನೋಡು ಅಂದ. ಕೀಳು, ನನ್ನ ಹೆಸರಲ್ಲೇ ಇನ್ನೊಂದು ಲೈನ್ ಹಾಕಿಸ್ತೀನಿ, ಅಷ್ಟರೊಳಗೆ ಅವಳು ದೂರದ ಊರು ಸೇರಿದ್ರೆ ಹುಡುಕ್ಕೊಂಡು ಹೋಗ್ತೀನಿ, ಈ ಜನ್ಮದಲ್ಲಿ ನಿನಗೆ ಮುಖ ತೋರಿಸಲ್ಲ, ಅಂದೆ, ದನಿ ಎತ್ತಲಿಲ್ಲ. ನನ್ನ ದನಿ ಏಳದಿದ್ದರೇ ಅವನಿಗೆ ಭಯ. ಹೊರಟ, ಬಾಗಿಲಲ್ಲಿ ನಿಂತ, ನನ್ನನ್ನ ಯಾಕೆ ಕೇಳಲಿಲ್ಲ ಅವಳು, ಅಂದ, ಸಣ್ಣ ದನಿಯಲ್ಲಿ. ಕೇಳಿದ್ರೆ ಏನಂತಿದ್ದೆ, ಅಂದೆ. ಹಿಮ್ಮಡಿ ಎಳೆಯುತ್ತಾ ಮೇಲೆ ಹೋದ, ತಿರುವಿನಲ್ಲಿ ಸದ್ದು ನಿಂತಿತು, ಅಲ್ಲೇ ಅಲ್ಲವೇ ಪೆಟ್ಟಿಗೆ, ಕಿತ್ತನೇ, ಪರದೆಯ ಮೂಲೆಯ ನೆಟ್ಟಿನ ಗುರುತು ಹಾಗೇ ಇದೆ, ಸದ್ದು ಮತ್ತೆ ಶುರುವಾಯಿತು, ಮೇಲೆ ಹೋಯಿತು. ಕೀಳಲಿಲ್ಲ. ಕೀಳುವ ಧೈರ್ಯವೂ ಇಲ್ಲ ಕೂಡಿಸುವ ಧೈರ್ಯವೂ ಇಲ್ಲ, ಪಾಪ, ಇರಲಿ, ಇವತ್ತಿಗೆ ಅಷ್ಟು ಸಾಕು.

ಬಿಸಿಲು ಶಟರಿನ ಕೆಳಗಿಂದ ಒಳಗೆ ಹರಿದು ತಂತಿಯ ಚೂರುಗಳ ತನಕ ಬಂದಿದೆ, ಮಹಾಶಯ ಉಣ್ಣಲು ಕೂತಿರಬೇಕು, ನಿಧಾನ ತಿನ್ನಪ್ಪಾ, ಇವತ್ತೊಂದು ದಿನ ಇನ್ನೊಂದು ತುತ್ತು ಜಾಸ್ತಿ ತಿನ್ನು, ಮತ್ತೊಂದು ನಂಬರ್, ಮುಚ್ಚಿದೆ, ಮೌಸಿಗೆ ವಾರ್ನಿಷ್ ಅಂಟಿದೆ, ಮುಂದುಗಡೆ ಯಾರೋ ಶಟರ್ ತಟ್ಟುತ್ತಿದ್ದಾರೆ, ತಟ್ಟಲಿ, ಅಮ್ಮಾ ಯಾರಾದ್ರೂ ಇದ್ದೀರಾ, ಪಂಪಿನ ಮೋಟಾರು ತಂದಿದ್ದೆ, ನಾನು ಉಸಿರೆತ್ತಲಿಲ್ಲ, ಈಗ ಮಾತಿಗೆ ಸಿಕ್ಕರೆ ಮುಗಿಯಿತು, ಮತ್ತೆ ತಟ್ಟಿದ, ಮತ್ತೆ ಕೂಗಿದ, ಆಮೇಲೆ ಫೋನಿನಲ್ಲಿ ಯಾರಿಗೋ ಹೇಳುತ್ತಿದ್ದಾನೆ, ಅಂಗಡಿ ಮುಚ್ಚಿದೆ ಕಣೋ, ಬೇರೆ ಕಡೆ ನೋಡೋಣ. ಮುಚ್ಚಿದೆಯಂತೆ, ಕಣ್ಣಿಲ್ಲವೇ ಇವನಿಗೆ, ಸೊಂಟದೆತ್ತರಕ್ಕೆ ಶಟರ್ ತೆಗೆದೇ ಇದೆ, ಬಗ್ಗಿದರೆ ಒಳಗೇ ಬರಬಹುದು, ಮುಚ್ಚಿಲ್ಲಪ್ಪಾ, ಒಳಗಿಂದ ಓ ಅನ್ನುವವರು ಇಲ್ಲ, ಅಷ್ಟೇ — ಅಷ್ಟೇ — ಒಂದು ನಿಮಿಷ. ಓ ಅನ್ನುವವರು ಇಲ್ಲ. ಈ ಪುಟವೂ ತಟ್ಟಿ ನೋಡುವುದೇ ತಾನೆ, ಹೊರಗೆ ನಿಂತು ನಂಬರ್ ಕೂಗಿ ತಟ್ಟುತ್ತದೆ, ರೂಟರ್ ಒಳಗೆ ಕಳಿಸುತ್ತದೆ, ಒಳಗೆ ಸರ್ವರ್, ಸರ್ವರನ್ನು ನಾನೇ ನಿಲ್ಲಿಸಿದ್ದೇನೆ, ಬೆಳಗಿನಿಂದ ಪ್ರತಿಸಲ, ಶಿಸ್ತಾಗಿ, ಫ್ಯೂಸ್ ಕಿತ್ತು ಜೇಬಿಗೆ ಹಾಕಿಕೊಂಡು ಫ್ಯಾನ್ ಯಾಕೆ ತಿರುಗುತ್ತಿಲ್ಲ ಎಂದು ಮೇಲೆ ನೋಡುತ್ತಾ ಕೂತಿದ್ದೇನೆ, ಥೂ ನನ್ನ, ಬಾಗಿಲು ಮೊದಲ ಸಲವೇ ತೆಗೆದಿತ್ತೇನೋ, ಒಳಗೆ ನಾನಿರಲಿಲ್ಲ. ಮೇಸ್ತ್ರಿಗಳೇ, ನಿಮ್ಮ ಹೆಬ್ಬೆರಳಿನ ಮೇಲೆ ನನಗೆ ಗೌರವ ಇದೆ, ಇವತ್ತೊಂದು ದಿನ ಕ್ಷಮಿಸಿ, ಕರೆಂಟ್ ಇಟ್ಟುಕೊಂಡೇ ಕೈ ಹಾಕುತ್ತೇನೆ, ಸರ್ವರಿಗೆ ಅವಳಿಟ್ಟ ಹಳೇ ನಂಬರನ್ನೇ ವಾಪಸ್ ಕೊಟ್ಟೆ, ಇಪ್ಪತ್ತೇಳು ಸಾವಿರದ ನಲವತ್ತೊಂದು, ಅವಳ ಮಗಳ ಟ್ಯಾಬಿಗೆ ಗೊತ್ತಿರುವುದು ಅದೊಂದೇ, ರೂಟರಿಗೂ ಅದನ್ನೇ, ಸರ್ವರ್ ಶುರು, ಹಳೇ ಕಂಪ್ಯೂಟರಿನ ಫ್ಯಾನು ಗೊರ್ ಎಂದು ಎದ್ದಿತು, ತಿರುಗಲಿ, ತಿರುಗುತ್ತಿರುವಾಗಲೇ ಪರೀಕ್ಷೆಯ ಗುಂಡಿ ಒತ್ತಿದೆ, ಒತ್ತುವಾಗ ಕಣ್ಣು ತಾನೇ ಮುಚ್ಚಿಕೊಂಡಿತು, ಶಾಕ್ ಹೊಡೆಯುತ್ತದೆ ಎಂಬಂತೆ. ತೆರೆದೆ. ಹಸಿರು. ಪೋರ್ಟ್ ತೆರೆದಿದೆ.

ಈಗ ಬಾರೇ, ಬಾ, ಆಟದೊಳಗೆ ನಮ್ಮ ಮನೆಯ ಮುಂದೆ ನಿಂತಿದ್ದೇನೆ ನಾನು, ಅವಳ ಹಲಗೆಗಳ ಕೆಳಗೆ ನನ್ನ ಹಲಗೆ ಇದೆ, ಬಾ, ಮಗೂನ ಕರ್ಕೊಂಡು ಬಾ, ಯಾರನ್ನೂ ಕೇಳಬೇಡ, ಅದೇ ಉತ್ತರ, ಅಂದು ಬರೆದದ್ದೇ, ಒಂದು ಅಕ್ಷರ ತಿದ್ದಿಲ್ಲ, ನಿನ್ನೆಗೇ ಬೇಸತ್ತು ಇವತ್ತು ಬರದೇ ಹೋದರೆ, ಇಲ್ಲ, ಬರುತ್ತಾಳೆ, ಬೈಸಿಕೊಂಡೂ ದಿನಾ ಚಪ್ಪಲಿ ಇಟ್ಟವಳು ಅವಳು, ಬಿಸಿಲು ತಂತಿ ಚೂರುಗಳನ್ನು ದಾಟಿ ನನ್ನ ಪಾದಕ್ಕೆ ಬಂತು, ನೊಣ ಎಲ್ಲಿಗೋ ಹೋಯಿತು, ಪರದೆಯ ಮೂಲೆಯಲ್ಲಿ ಒಂದು ಸಾಲು ಮೂಡಿತು, ಪಿಟೀಲು ಒಳಗೆ ಬಂದಳು. ಬಂದಳು. ನೀಲಿ ಅಂಗಿ, ಚೌಕ ತಲೆ, ಹೊಸಿಲು ದಾಟಿ ಹಲಗೆಯ ಮುಂದೆ ನಿಂತಳು, ನಿಂತೇ ಇದ್ದಾಳೆ, ಎಷ್ಟು ಸಲ ಓದುತ್ತೀಯೇ, ಒಂದು ಸಾಲು ತಾನೆ, ಅಲ್ಲಿ ಕೋಣೆಯ ಮೂಲೆಯಲ್ಲಿ ಟ್ಯಾಬನ್ನು ಸೆರಗಲ್ಲಿ ಮುಚ್ಚಿಕೊಂಡು ಕೂತಿದ್ದಾಳೇನೋ, ಅಳುತ್ತಿದ್ದಾಳೇನೋ, ಸದ್ದಿಲ್ಲದೆ ಅಳುವುದನ್ನು ಕಲಿತಿದ್ದಾಳೆ ನನ್ನ ಪಿಟೀಲು, ಏನಾದರೂ ಬರಿ, ಬರುತ್ತೀನಿ ಅನ್ನು, ಬರಲ್ಲ ಅನ್ನು, ಬರೆಯಲಿಲ್ಲ, ತನ್ನ ಹಲಗೆಗಳನ್ನು ಒಡೆದಳು, ನನ್ನದನ್ನೂ ಒಡೆದಳು, ಬಾಗಿಲ ಕಡೆ ನಡೆದಳು, ಹೋಗುತ್ತಿದ್ದಾಳೆಯೇ, ಉತ್ತರ ಹೇಳದೆ, ಹೊಸಿಲಲ್ಲಿ ತಿರುಗಿ ನಿಂತಳು, ಬಗ್ಗಿದಳು, ಬಾಗಿಲ ಸಂದಿಯಲ್ಲಿ ಏನನ್ನೋ ಇಟ್ಟಳು, ಪಿಟೀಲು ಹೊರಗೆ ಹೋದಳು ಎಂದಿತು ಪರದೆ. ಏಳಬೇಕು ಈಗ, ಕೋಣೆ ಗುಡಿಸಬೇಕು, ವಾರ್ನಿಷ್ ಡಬ್ಬಗಳನ್ನು ಹೊರಗಿಡಬೇಕು, ಮಗುವಿಗೊಂದು ಹಾಸಿಗೆ ಹೊಂದಿಸಬೇಕು, ಅಣ್ಣನಿಗೆ ಹೇಳಬೇಕು, ಹೇಳುವುದೇನು ನೋಡಿಕೊಳ್ಳಲಿ, ಏಳಬೇಕು, ಏಳಲಾಗುತ್ತಿಲ್ಲ, ಒಂದು ಇಟ್ಟಿಗೆ, ಕೆಂಪು, ಬಾಗಿಲು ಬೀಳದ ಹಾಗೆ, ಸಂದಿಯಲ್ಲಿ, ಕೆಂಪು, ಎಡಗಾಲಿನದು.