ತೊಗರಿ ಹೊಲಕ್ಕೆ ಬಿದ್ದ ತವರ

ದೇವಣಗಾಂವದ ಶಂಕ್ರೆಪ್ಪನ ತೊಗರಿ ಹೊಲಕ್ಕೆ ಆಕಾಶದಿಂದ ಬಿದ್ದು ತನ್ನ ಕೈಗೆ ಬಂದ ಬೆಳ್ಳನೆಯ ಗಟ್ಟಿಯನ್ನು ಗೈಬುಸಾಬ ತವರವೆಂದೇ ತಿಳಿದ. ಅವನನ್ನು ಬೈಯುವಂತಿಲ್ಲ. ಸಿಂದಗಿ ಬಸ್‌ಸ್ಟ್ಯಾಂಡಿನ ಹಿಂದೆ ನಲವತ್ತು ವರ್ಷ ತಾಮ್ರದ ಪಾತ್ರೆಗಳಿಗೆ ಕಲಾಯಿ ಹಾಕಿದವನು, ತವರದಂತೆ ಕರಗಿ ತವರದಂತೆ ಹೊಳೆಯುವುದನ್ನು ಮತ್ತೇನೆಂದು ತಿಳಿಯಬೇಕು? ಮದುವೆಯ ದಿನಗಳು ಬೇರೆ. ಬಂದ ಪಾತ್ರೆಗಳಿಗೆಲ್ಲ ಅದನ್ನೇ ಬಳಿದು ಕಳಿಸಿಬಿಟ್ಟ.

ಆಮೇಲೆ ಮನೆಮನೆಯಲ್ಲೂ ರಾದ್ಧಾಂತ. ಹಿಂದಿನ ದಿನ ಪಾತ್ರೆ ಆರುವಾಗ ಅತ್ತೆ ಆಡಿಕೊಂಡದ್ದು ಬೆಳಿಗ್ಗೆ ಹಾಲು ಕಾಯುವಾಗ ಸೊಸೆಗೇ ಕೇಳಿಸಿತು. ಆರುವಾಗ ಸುತ್ತಲಿನ ದನಿಯನ್ನು ನುಂಗುವುದು, ಕಾಸಿದಾಗ ಒಂದೇ ಒಂದು ಸಲ ಬಿಟ್ಟುಕೊಡುವುದು, ಇದು ಆ ಲೋಹದ ಗುಣ. ಕೊಟ್ಟ ಮೇಲೆ ಅದರಲ್ಲಿ ಏನೂ ಉಳಿಯುವುದಿಲ್ಲ.

ನಾನು ಕಾಲೇಜಿನಲ್ಲಿ ಭೌತಶಾಸ್ತ್ರ ಕಲಿಸುವವಳು. ಕಂಡಕಂಡದ್ದನ್ನು ನಂಬುವುದು ನನ್ನ ಜಾಯಮಾನವಲ್ಲ. ಮುದುಕನ ಆಟ ಬಯಲು ಮಾಡಲೆಂದೇ ಹೋದೆ. ಅವನು ಗಟ್ಟಿಯಿಂದ ಕಡಲೆಕಾಳಿನಷ್ಟು ಮುರಿದು ಕೆಂಡದ ಮೇಲಿಟ್ಟ.

ಮನುಷ್ಯರದಲ್ಲದ ಒಂದು ಗಂಟಲು ಚಿಕ್ಕದೊಂದು ಶಬ್ದ ಮಾಡಿತು. ಹಿಂದೆಯೇ ನೂರಾರು ಗಂಟಲುಗಳು ಅದನ್ನೇ ಒಪ್ಪಿಸಿದವು. ಮತ್ತೆ ಬೇರೆ ಗಂಟಲು, ಬೇರೆ ಶಬ್ದ. ಇಪ್ಪತ್ತು ವರ್ಷ ಹಾಜರಿ ಕರೆದವಳಿಗೆ ಇದನ್ನು ಯಾರೂ ಬಿಡಿಸಿ ಹೇಳಬೇಕಿರಲಿಲ್ಲ. ಯಾವುದೋ ಲೋಕದಲ್ಲಿ ಒಬ್ಬೊಬ್ಬರೂ ಎದ್ದು ತಮ್ಮ ಹೆಸರು ಹೇಳುತ್ತಿದ್ದರು, ಉಳಿದವರು ಅದನ್ನು ತಿರುಗಿ ಹೇಳುತ್ತಿದ್ದರು. ಹಾಗೆ ತಿರುಗಿ ಹೇಳಿದರೆ ಮಾತ್ರ ಅವರಲ್ಲಿ ಹೆಸರು ಉಳಿಯುತ್ತದೆಂದು ಕಾಣುತ್ತದೆ. ನನ್ನ ಫೋನು ಕೆಂಡದ ಚಟಪಟವನ್ನಷ್ಟೇ ಹಿಡಿಯಿತು.

"ಮೊದಲ ಸಾವಿರಾರು ಮಂದಿ ಇದ್ರು, ಅಕ್ಕೋರ," ಗೈಬುಸಾಬ ತಲೆ ತಗ್ಗಿಸಿ ಹೇಳಿದ. "ಗಟ್ಟಿ ಒಳಗ ಹೋದಂಗ ತಿರುಗಿ ಹೇಳೋರು ಕಡಿಮಿ ಆಗ್ಯಾರ್ರೀ. ನಾ ಏನೂ ತಿಳೀದ ಎಲ್ಲಾರ್ನೂ ಕಾಸಿ ಕಳದುಬಿಟ್ಟೆ."

ಕೊನೆಗೆ ಉಳಿದದ್ದು ಅಡಿಕೆಯಷ್ಟು ಚೂರು. ಅದು ನನಗೆ ಬೇಕಾಗಿತ್ತು.

ನಮ್ಮವ್ವ ಚನ್ನವ್ವನಿಗೆ ಗಂಟಲಲ್ಲಿ ಗಡ್ಡೆ. ಸೋಮವಾರ ವಿಜಯಪುರದಲ್ಲಿ ಧ್ವನಿಪೆಟ್ಟಿಗೆ ತೆಗೆಯುವವರಿದ್ದರು. ಫೋನಿನಲ್ಲಿ ಅವಳ ದನಿ ಬೇಕಾದಷ್ಟಿದೆ, ಆದರೆ ಅದು ಬರೀ ದನಿ. ಈ ಲೋಹದಲ್ಲಿ ಬಂದರೆ ಮಾತಾಡಿದವರು ಪಕ್ಕದಲ್ಲೇ ನಿಂತಂತೆ, ಉಸಿರು ಕೆನ್ನೆಗೆ ತಾಗುತ್ತದೆ. ನನಗೆ ಆ ಉಸಿರು ಬೇಕಿತ್ತು. ಒಂದೇ ಸಲ ಸಾಕು, ಅವಳು ಹೋದ ಮೇಲೆ ಎಂದೋ ಒಂದು ದಿನ.

ಭಾನುವಾರ ಬೆಳಿಗ್ಗೆ ಅವ್ವನನ್ನು ಕರೆದುಕೊಂಡು, ಒಂದು ತಾಮ್ರದ ತಂಬಿಗೆ ಹಿಡಿದು ಅವನ ಹತ್ತಿರ ಹೋದೆ. ಗೈಬುಸಾಬ ಚೂರನ್ನು ಮುಷ್ಟಿಯಲ್ಲಿ ಹಿಡಿದು ಕೂತ.

"ಇದರಾಗ ಇನ್ನೂ ಒಬ್ಬರು ಉಳದಾರ್ರೀ."

"ಯಾರರ ಇರ್ಲಿ ಕಾಕಾ. ನನಗ ನಮ್ಮವ್ವ ಬೇಕು."

ತಂಬಿಗೆ ಆರುವಾಗ 'ದಾನವ್ವಾ, ಉಣ್ಣಾಕ ಬಾ' ಎಂದು ನನ್ನನ್ನು ಕೂಗಬೇಕೆಂದು ಅವ್ವನಿಗೆ ಮನೆಯಲ್ಲೇ ಹತ್ತು ಸಲ ಹೇಳಿದ್ದೆ. ತಿರುಗಿ ಹೇಳಿಸಿಕೊಳ್ಳುವ ಆ ಹೆಸರುಗಳ ಕಥೆಯೂ ಅವಳಿಗೆ ಗೊತ್ತಿತ್ತು. ಗೈಬುಸಾಬ ತಂಬಿಗೆ ಕಾಸಿದ, ಕಲಾಯಿ ಹಿಡಿಯಲೆಂದು ನವಸಾಗರದ ಪುಡಿ ಚೆಲ್ಲಿದ, ಬಿಳಿ ಹೊಗೆ ಎದ್ದಿತು. ಚೂರು ಕರಗಿತು.

ಒಂದು ದನಿ ತನ್ನ ಹೆಸರು ಹೇಳಿತು. ನಿಂತಿತು. ಯಾರೂ ತಿರುಗಿ ಹೇಳಲಿಲ್ಲ. ಅದು ಮತ್ತೊಮ್ಮೆ ಹೇಳಿತು, ಈ ಸಲ ಮೆಲ್ಲಗೆ. ಅಲ್ಲಿ ಇನ್ನಾರೂ ಉಳಿದಿರಲಿಲ್ಲ. ಮೂರನೆಯ ಸಲ ಹೇಳಿ, ಬಹಳ ಹೊತ್ತು ಕಾದು, ಸುಮ್ಮನಾಯಿತು.

ಗೈಬುಸಾಬ ಕಣ್ಣೊರೆಸಿಕೊಂಡು ಕರಗಿದ್ದನ್ನು ಹತ್ತಿಯಿಂದ ಒಳಗೆಲ್ಲ ಬಳಿದು ತಂಬಿಗೆಯನ್ನು ಆರಲು ಕೆಳಗಿಟ್ಟ. ಈಗ ಹೇಳೆಂದು ನಾನು ಅವ್ವನ ಬೆನ್ನು ತಟ್ಟಿದೆ.

ಅವ್ವ ಗೊಳಸಂಗಿಯವಳು. ಹುಡುಗಿಯಾಗಿದ್ದಾಗ ಜೋಳದ ಹೊಲದ ಅಟ್ಟದ ಮೇಲೆ ನಿಂತು ಹಕ್ಕಿ ಓಡಿಸಿದವಳು, ಯಾವ ಹಕ್ಕಿ ಹೇಗೆ ಕೂಗಿದರೂ ಹಾಗೇ ಕೂಗಬಲ್ಲವಳು. ತಂಬಿಗೆಗೆ ಬಾಯಿ ಹತ್ತಿರ ತಂದಳು. ಒಡಕು ಗಂಟಲಿನಿಂದ ಆ ಹೆಸರನ್ನು, ಒಂದು ಎಳೆ ತಪ್ಪದಂತೆ, ತಿರುಗಿ ಹೇಳಿದಳು. ಅಷ್ಟಕ್ಕೇ ಉಸಿರು ಮುಗಿದು ಕೆಮ್ಮುತ್ತ ಕೂತಳು. ಲೋಹ ಆರಿಹೋಗಿತ್ತು.

"ನನ್ನ ಹೆಸರು ಹೇಳಂದಿದ್ದೆ!" ನಡುಬೀದಿಯೆಂಬುದನ್ನೂ ಮರೆತು ಚೀರಿದೆ. ಅವಳು ನನ್ನ ಕೈ ಹಿಡಿಯಲು ಬಂದಳು, ಕೊಡವಿಕೊಂಡೆ.

ಆಪರೇಶನ್ ಆಯಿತು. ಅವ್ವ ಬದುಕಿ ಬಂದಳು, ದನಿ ಬರಲಿಲ್ಲ. ಹದಿನೈದು ದಿನ ತಡೆದೆ. ಹದಿನಾರನೆಯ ದಿನ, ಯಾರ ಹೆಸರಾದರೇನು, ಅವ್ವನ ದನಿಯಲ್ಲವೇ ಎಂದು ತಂಬಿಗೆಯನ್ನು ಗ್ಯಾಸಿನ ಮೇಲೆ ಇಡಹೋದೆ. ಅವ್ವ ಓಡಿಬಂದು ಮಣಿಕಟ್ಟು ಹಿಡಿದಳು. ಕ್ಯಾಲೆಂಡರಿನ ಹಾಳೆ ಹರಿದು ಅದರ ಹಿಂದೆ ಬರೆದಳು: "ಕಾಸಬ್ಯಾಡ. ಅಕಿ ಹೆಸರು ಹೋಗತೈತಿ. ಮತ್ತ ಹೇಳಾಕ ನನಗ ದನಿ ಇಲ್ಲ."

ಮಧ್ಯಾಹ್ನ ಅವ್ವ ಮಲಗಿದಾಗ ಆ ತಣ್ಣನೆಯ ತಂಬಿಗೆಗೆ ಕಿವಿ ಹಚ್ಚಿ ಕೂರುತ್ತೇನೆ. ಏನೂ ಕೇಳುವುದಿಲ್ಲ. ಅದರೊಳಗೆ ನಮ್ಮವ್ವ ಇದ್ದಾಳೆ, ಅವಳ ಬಾಯಲ್ಲಿ ಆ ಇನ್ನೊಬ್ಬಳಿದ್ದಾಳೆ. ಇವತ್ತಿನವರೆಗೆ ಕಾಸಿಲ್ಲ. ಅವ್ವ ಹೋದ ಮೇಲಿನ ಮಾತು ಹೇಳಲಾರೆ.